ಎರಡನೇ ದನಿ

ಕಬ್ಬಿನ ಹಂಗಾಮು ಸುರುವಾಯಿತೆಂದರೆ ತಿಮ್ಮಾಪುರದ ರಸ್ತೆಗೆ ಬಾಯಿ ಬರುತ್ತದೆ. ಒಂದು ಟ್ರ್ಯಾಕ್ಟರು, ಅದರ ಬೆನ್ನಿಗೆ ಎರಡು ಟ್ರೇಲರು, ಟ್ರೇಲರಿನ ಮೇಲೆ ಮನೆಯೆತ್ತರ ಕಬ್ಬು. ಡ್ರೈವರನ ತಲೆಯ ಮೇಲೆ, ಬೆನ್ನ ಹಿಂದೆ, ಎರಡೂ ಮಡ್‌ಗಾರ್ಡಿನ ಪಕ್ಕ ಬಿಗಿದು ಕಟ್ಟಿದ ಸ್ಪೀಕರು ಡಬ್ಬಿಗಳು. ಇಂಜಿನ್ನಿನ ಗುಡುಗಿಗಿಂತ ಹಾಡಿನ ಗುಡುಗು ದೊಡ್ಡದಿರಬೇಕೆಂಬುದು ಈ ಕಡೆಯ ಹುಡುಗರ ಹಟ. ಮೊದಲು ಕಾಲಡಿ ನೆಲ ನಡುಗುತ್ತದೆ, ಆಮೇಲೆ ತಾಳ ಕೇಳುತ್ತದೆ, ಕೊನೆಗೆ ದೀಪ ಕಾಣುತ್ತದೆ. ಗಾಡಿ ದಾಟಿ ಹೋದ ಮೇಲೆ ಉಳಿಯುವುದು ರಸ್ತೆಯ ಮೇಲೊಂದಿಷ್ಟು ರವದಿ, ಜಜ್ಜಿದ ಜಲ್ಲೆ, ಗಾಳಿಯಲ್ಲಿ ಕಾಕಂಬಿಯ ಒಗರು ಸಿಹಿ.

ಮುಧೋಳ ತಾಲ್ಲೂಕಿನ ಈ ಊರಿನಲ್ಲಿ ರೈತರ ಸಹಕಾರಿ ಸಕ್ಕರೆ ಕಾರ್ಖಾನೆ ಎದ್ದ ಜಾಗಕ್ಕೆ ರನ್ನನಗರ ಎಂದು ಹೆಸರು. ಮುದುವೊಳಲಿನ ಬಳೆಗಾರರ ಮನೆಯಲ್ಲಿ ಹುಟ್ಟಿ, ಚಾಲುಕ್ಯರ ಆಸ್ಥಾನದಲ್ಲಿ ಕವಿಚಕ್ರವರ್ತಿ ಎನಿಸಿಕೊಂಡ ರನ್ನನ ಹೆಸರನ್ನು ಕಬ್ಬಿನ ನಾಡು ಹೊತ್ತುಕೊಂಡದ್ದು ನನಗೆ ಯಾವಾಗಲೂ ಹಿತವೆನಿಸಿದೆ. ಹತ್ತು ಶತಮಾನದ ಹಿಂದಿನ ಮಗನನ್ನು ಮರೆಯದ ಮಣ್ಣು ಇದು. ನೂರು ವರ್ಷದ ಹಿಂದಿನ ಮಗಳೊಬ್ಬಳನ್ನು ಮಾತ್ರ ಯಾಕೆ ಹೀಗೆ ಕೈಬಿಟ್ಟಿತು ಎಂಬ ಸಂಕಟ ನನ್ನದು.

ಆ ಸಂಕಟ ಮತ್ತೆ ಎದ್ದದ್ದು ಒಂದು ಸಂಜೆ, ಚಹಾದಂಗಡಿಯ ಮುಂದೆ. ಸಾಲಿನಲ್ಲಿ ನಿಂತ ಟ್ರ್ಯಾಕ್ಟರುಗಳಲ್ಲಿ ಒಂದರಿಂದ, ಉಳಿದವುಗಳ ಅಬ್ಬರದ ನಡುವೆ, ಹಳೆಯ ಹಿಂದಿ ಹಾಡೊಂದು ಕುಣಿಯುತ್ತ ಬಂತು. 1950ರ ‘ಸಮಾಧಿ’ ಚಿತ್ರದ ‘ಗೋರೆ ಗೋರೆ’. ಮೀಸೆ ಇನ್ನೂ ಗಟ್ಟಿಯಾಗದ ಹುಡುಗ ಸ್ಟೇರಿಂಗಿನ ಮೇಲೆ ಬೆರಳಿನಿಂದ ತಾಳ ಹಾಕುತ್ತಿದ್ದ. ಯಾರ ಹಾಡು ಎಂದು ಕೇಳಿದೆ.

“ಲತಾಂದ್ರಿ, ಮತ್ಯಾರ್ದು?”

ಲತಾ ಒಬ್ಬರದಲ್ಲ, ಇನ್ನೊಂದು ದನಿ ಇದೆ, ಕೇಳು ಎಂದೆ. ಮೊದಲಿನದು ಹಗುರ, ಎಳೆಯದು, ದಾರದ ಹಾಗೆ ನುಣುಪು. ಅದಕ್ಕೆ ಉತ್ತರ ಕೊಡುವ ದನಿ ತುಸು ದಪ್ಪ, ತುಸು ಕೆಳಗೆ, ಎದೆಯಿಂದ ಎದ್ದು ಬರುವಂಥದು. ಹುಡುಗ ಹಾಡನ್ನು ಹಿಂದಕ್ಕೆ ಒಯ್ದು ಮತ್ತೆ ಹಚ್ಚಿದ. ತಲೆ ಓರೆ ಮಾಡಿ ಕೇಳಿದ.

“ಖರೇ ಅಲ್ರಿ. ಇಬ್ರದಾರ. ಇನ್ನೊಬ್ಬಾಕಿ ಯಾರು?”

ಅಮೀರಬಾಯಿ ಕರ್ನಾಟಕಿ. ಊರು ಬೀಳಗಿ.

“ಬೀಳಗಿ ಅಂದ್ರ... ನಮ್ಮ ಬೀಳಗೀನ?”

ಹೌದು, ನಿಮ್ಮ ಬೀಳಗಿಯೇ. ಹೊತ್ತು ಹುಟ್ಟುವ ದಿಕ್ಕಿಗೆ, ಒಂದು ಬಸ್ಸಿನ ದಾರಿ.

ಆ ದಾರಿಯಲ್ಲಿ ನಾನು ಹಲವು ಸಲ ಹೋಗಿದ್ದೇನೆ. ಘಟಪ್ರಭೆಯ ನೀರುಂಡ ಹಸಿರು ಸ್ವಲ್ಪ ಹೊತ್ತು ಜೊತೆಗೆ ಬರುತ್ತದೆ. ಆಮೇಲೆ ಕಬ್ಬು ತೆಳುವಾಗುತ್ತ, ಬಿಳಿಜೋಳದ ಎರಿ ಹೊಲಗಳು ಕಾಣತೊಡಗುತ್ತವೆ. ನಡುನಡುವೆ ಕೆಂಪು ಮಣ್ಣಿನ ದಿನ್ನೆ, ಬೇವು, ಬನ್ನಿ, ಕುರಿ ಹಿಂಡಿನ ಹಿಂದೆ ಹೆಗಲ ಮೇಲೆ ಕಂಬಳಿ ಹಾಕಿಕೊಂಡು ನಡೆಯುವ ಮುದುಕ. ಬೀಳಗಿಯ ಆಚೆಗೆ ಕೃಷ್ಣೆ. ಆಲಮಟ್ಟಿಯ ಹಿನ್ನೀರು ಈಗ ಆ ತಾಲ್ಲೂಕಿನ ಎಷ್ಟೋ ಹಳ್ಳಿಗಳನ್ನು ತನ್ನ ಮಡಿಲಿಗೆ ಹಾಕಿಕೊಂಡಿದೆ. ಸಂಜೆ ಹೊತ್ತು ಆ ನೀರನ್ನು ನೋಡುತ್ತ ನಿಂತರೆ, ಅಡಿಯಲ್ಲಿ ಮುಳುಗಿದ ಬೀದಿಗಳಲ್ಲಿ ಒಂದು ಕಾಲದಲ್ಲಿ ಯಾವ ಯಾವ ಹಾಡು ಹರಿದಿದ್ದವೋ ಎಂದು ಮನಸ್ಸು ಹುಡುಕುತ್ತದೆ.

ಕಳೆದ ಶತಮಾನದ ಆರಂಭದ ವರ್ಷಗಳ ಬೀಳಗಿಯನ್ನು ಕಿವಿಯಿಂದಲೇ ಕಟ್ಟಿಕೊಳ್ಳಬೇಕು. ಕರೆಂಟು ಇಲ್ಲ, ಮೈಕು ಇಲ್ಲ. ಬೆಳಗಿನ ಜಾವ ಬೀಸುವ ಕಲ್ಲಿನ ಪದ. ಸುಗ್ಗಿಯಲ್ಲಿ ಕಣದ ನಡುವೆ ಮೇಟಿಯ ಸುತ್ತ ಎತ್ತು ತಿರುಗಿಸುತ್ತ ರಾತ್ರಿಯಿಡೀ ಎಳೆದು ಹಾಡುವ ಹಂತಿ ಪದ. ಮೊಹರಮ್ಮಿನ ಹತ್ತು ದಿನ ಅಲಾವಿ ಕುಣಿಯ ಸುತ್ತ, ಕರ್ಬಲದ ಕತೆಯನ್ನು ಅಪ್ಪಟ ಕನ್ನಡದಲ್ಲಿ ಅಳುವ ರಿವಾಯತ ಪದ. ದಪ್ಪು, ತುಂತುಣಿ ಹಿಡಿದು ಒಬ್ಬರ ಮೇಲೊಬ್ಬರು ಸವಾಲು ಎಸೆಯುವ ಗೀಗೀ ಮೇಳ. ಮೊಹರಮ್ಮಿನಲ್ಲಿ ಹಿಂದೂ ಗಂಡಸರು ಹೆಜ್ಜೆ ಹಾಕುತ್ತಿದ್ದರು, ಲಾವಣಿಯಲ್ಲಿ ಹಲಸಂಗಿಯ ಖಾಜಾಭಾಯಿಯಂಥವರು ಪದ ಕಟ್ಟುತ್ತಿದ್ದರು. ಯಾರದು ಯಾವ ಧರ್ಮದ ಹಾಡು ಎಂದು ಯಾರೂ ಕೇಳುತ್ತಿರಲಿಲ್ಲ. ಯಾರ ಗಂಟಲು ದೊಡ್ಡದು ಎಂಬುದು ಮಾತ್ರ ಮಾತಾಗುತ್ತಿತ್ತು.

ಗಂಟಲು ದೊಡ್ಡದಿರಲೇಬೇಕಿತ್ತು. ಬಯಲಿನಲ್ಲಿ ಕಟ್ಟಿದ ಅಟ್ಟ, ಎರಡು ಮೂಲೆಗೆ ಪಂಜು, ಮುಂದೆ ಚಾಪೆ, ಕಂಬಳಿ, ಚಕ್ಕಡಿಯ ಮೇಲೆ ಕುಳಿತ ಜನ. ಕೊನೆಯ ಚಕ್ಕಡಿಯಲ್ಲಿ ನಿದ್ದೆಗಣ್ಣಿನ ಮುದುಕಿಗೂ ಸತ್ಯಭಾಮೆಯ ಸಿಟ್ಟು ಮುಟ್ಟಬೇಕು. ರುಕ್ಮಿಣಿಗೆ ಹೂ ಕೊಟ್ಟದ್ದಕ್ಕೆ ಭಾಮೆ ಮುನಿಯುವ ಶ್ರೀಕೃಷ್ಣ ಪಾರಿಜಾತ ಇದೇ ಲೋಕಾಪುರ, ಮುಧೋಳ, ಗೋಕಾಕ ಸೀಮೆಯ ಆಟ. ಕೌಜಲಗಿಯ ನಿಂಗಮ್ಮ ಈ ಆಟದಲ್ಲಿ ಮೇರುವಿನ ಹಾಗೆ ನಿಂತವರು. ಆ ಕಾಲದಲ್ಲಿ ಹೆಣ್ಣೊಬ್ಬಳು ಬಣ್ಣ ಹಚ್ಚಿ ಸಾವಿರ ಜನರೆದುರು ಹಾಡುವುದೆಂದರೆ ಎದೆ ಬೇಕು, ದನಿಗಿಂತ ಹೆಚ್ಚು ಎದೆ ಬೇಕು. ಅಮೀರಬಾಯಿ ಹುಟ್ಟಿದ್ದು ಈ ಗಂಟಲುಗಳ ನಡುವೆ. ಐವರು ಅಕ್ಕತಂಗಿಯರಲ್ಲಿ ಇಬ್ಬರು, ಗೋಹರಬಾಯಿ ಮತ್ತು ಅಮೀರಬಾಯಿ, ಊರಿನ ಗಡಿ ದಾಟಿ ಹೆಸರಾದರು.

ಬೀಳಗಿ ಆಗ ವಿಜಾಪುರ ಜಿಲ್ಲೆಯಲ್ಲಿ, ಜಿಲ್ಲೆ ಮುಂಬಯಿ ಪ್ರಾಂತ್ಯದಲ್ಲಿ. ಪಕ್ಕದ ಮುಧೋಳ ಘೋರ್ಪಡೆಯವರ ಸಂಸ್ಥಾನ, ಜಮಖಂಡಿ ಪಟವರ್ಧನರ ಸಂಸ್ಥಾನ. ದರ್ಬಾರಿನಲ್ಲಿ ಮರಾಠಿ, ಹೊಲದಲ್ಲಿ ಕನ್ನಡ, ಮಸೀದಿಯಲ್ಲಿ ಉರ್ದು. ಮೂರೂ ಒಂದೇ ಓಣಿಯಲ್ಲಿ ಸಿಗುತ್ತಿದ್ದ ಕಾಲ. ದೊಡ್ಡ ಊರು ಎಂದರೆ ಬೆಂಗಳೂರಲ್ಲ, ಮುಂಬಯಿ. ಬಾಗಲಕೋಟೆ, ವಿಜಾಪುರ ಹಾದುಹೋಗುವ ಮೀಟರ್‌ಗೇಜ್ ಗಾಡಿ ಹೊಟಗಿಗೆ ಮುಗಿಯುತ್ತಿತ್ತು. ಅಲ್ಲಿ ಗಂಟು ಇಳಿಸಿ, ಅಗಲ ಹಳಿಯ ಗಾಡಿ ಹಿಡಿದು, ಸೊಲ್ಲಾಪುರ, ಪುಣೆ ದಾಟಿ ಮುಂಬಯಿ. ಈ ಕಡೆಯ ಗಿರಣಿ ಕೂಲಿಗಳೂ, ಪೈಲವಾನರೂ, ಹಾಡುಗಾರರೂ ಹೋದದ್ದು ಇದೇ ದಾರಿಯಲ್ಲಿ. ಮೆಟ್ರಿಕ್ ಓದಿದ ಹದಿನೈದರ ಹುಡುಗಿಯಾಗಿ ಅಮೀರಬಾಯಿ ಮುಂಬಯಿ ಸೇರಿದರು ಎನ್ನುತ್ತಾರೆ. ಹೆಣ್ಣುಮಗಳು ಮೆಟ್ರಿಕ್ ಮುಟ್ಟಿದ್ದೇ ಒಂದು ಸುದ್ದಿಯಾಗಬಹುದಾದ ಆ ದಿನಗಳಲ್ಲಿ ಆಕೆ ಅದನ್ನು ದಾಟಿ ಹೊಟಗಿಯನ್ನೂ ದಾಟಿದರು.

ಹೆಸರಿನ ಮಾತನ್ನು ಇಲ್ಲಿ ಸ್ವಲ್ಪ ಹೇಳಬೇಕು. ಆಗಿನ ಹಾಡುಗಾರ್ತಿಯರ ಹೆಸರಿಗೆ ಊರು ಅಂಟಿಕೊಂಡಿರುತ್ತಿತ್ತು. ಜೊಹರಾಬಾಯಿ ಅಂಬಾಲೆವಾಲಿ. ಹುಬ್ಬಳ್ಳಿಯ ಪಕ್ಕದ ಅದರಗುಂಚಿಯಿಂದ ಹೋಗಿ 1939ರ ‘ಮಾಣೂಸ್’ನಲ್ಲಿ ಮರಾಠಿಗರ ಮನ ಗೆದ್ದ ಶಾಂತಾ ಹುಬ್ಳೀಕರ. ನಮ್ಮ ಗಂಗೂಬಾಯಿ ಹಾನಗಲ್ಲರ ಮೊದಲ ಗ್ರಾಮಫೋನ್ ತಟ್ಟೆಗಳ ಮೇಲೆ ಗಾಂಧಾರಿ ಹುಬ್ಳಿ ಎಂದಿತ್ತು. ಬೀಳಗಿಯ ಅಕ್ಕತಂಗಿಯರು ಮಾತ್ರ ಊರಿನ ಹೆಸರು ಇಟ್ಟುಕೊಳ್ಳದೆ ಇಡೀ ನಾಡಿನ ಹೆಸರು ಇಟ್ಟುಕೊಂಡರು. ಕರ್ನಾಟಕಿ. ಕರ್ನಾಟಕ ಎಂಬ ರಾಜ್ಯವೇ ನಕ್ಷೆಯಲ್ಲಿ ಇಲ್ಲದ ಕಾಲ ಅದು. ಏಕೀಕರಣಕ್ಕೆ ಇನ್ನೂ ಎರಡು ದಶಕ ಬಾಕಿ, ನಾಮಕರಣಕ್ಕೆ ನಾಲ್ಕು. ಮೈಸೂರು ರಾಜ್ಯ 1973ರಲ್ಲಿ ಕರ್ನಾಟಕವಾಗುವ ಹೊತ್ತಿಗೆ ಆ ಹೆಸರನ್ನು ಮೊದಲು ಹೊತ್ತು ತಿರುಗಿದ ಇಬ್ಬರೂ ಮಣ್ಣು ಸೇರಿಯಾಗಿತ್ತು. ಗ್ರಾಮಫೋನ್ ತಟ್ಟೆಯ ಮಧ್ಯದ ದುಂಡನೆಯ ಕಾಗದದ ಮೇಲೆ ಲಾಹೋರಿನವರೂ, ಕಲಕತ್ತೆಯವರೂ ಓದಿದ ಕರ್ನಾಟಕ ಅದೊಂದೇ ಆಗಿತ್ತೇನೋ.

ಅಕ್ಕ ಗೋಹರಬಾಯಿ ಮೊದಲು ನಟಿಯಾದರು, ತಂಗಿಗೆ ಬಾಗಿಲು ತೆರೆದರು. 1934ರ ‘ವಿಷ್ಣುಭಕ್ತಿ’ ಅಮೀರಬಾಯಿಯ ಮೊದಲ ಚಿತ್ರ. ಅದೇ ವರ್ಷ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ತೆರೆಗೆ ಬಂತು, ಅದನ್ನೂ ಚಿತ್ರೀಕರಿಸಿದ್ದು ಕೊಲ್ಹಾಪುರದಲ್ಲಿ. ಕನ್ನಡ ತೆರೆ ಕಣ್ಣು ಬಿಡುತ್ತಿದ್ದ ಕಾಲದಲ್ಲಿ ಮುಂಬಯಿಯ ತೆರೆ ಎದ್ದು ಓಡಾಡುತ್ತಿತ್ತು. ಆಕೆ ಓಡುವ ಗಾಡಿಯನ್ನೇ ಹತ್ತಿದರು.

ಹಾಗೆ ಹತ್ತಿದ ನಟಿಯರಿಗೆ ಆಗ ಎರಡು ಕೆಲಸ. ಕ್ಯಾಮೆರಾದ ಮುಂದೆ ನಟಿಸಬೇಕು, ಅದೇ ಕ್ಷಣದಲ್ಲಿ ಹಾಡಬೇಕು. ಮೊದಮೊದಲ ವಾಕ್ಚಿತ್ರಗಳಲ್ಲಿ ವಾದ್ಯದವರು ಗಿಡದ ಮರೆಗೆ, ಪರದೆಯ ಹಿಂದೆ, ಚೌಕಟ್ಟಿನ ಆಚೆ ಅಡಗಿ ಕೂತು ನುಡಿಸುತ್ತಿದ್ದರು. ಮೈಕು ಒಂದೇ. ಒಂದು ಕೆಮ್ಮು, ಒಂದು ಹಕ್ಕಿ ಕೂಗು, ತಬಲಾದ ಒಂದು ತಪ್ಪು ಪೆಟ್ಟು ಬಿದ್ದರೆ ಎಲ್ಲ ಮತ್ತೆ ಮೊದಲಿನಿಂದ. 1935ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸ್‌ನವರು ಹಾಡನ್ನು ಮೊದಲೇ ಮುದ್ರಿಸಿ ಆಮೇಲೆ ತುಟಿ ಹೊಂದಿಸುವ ದಾರಿ ತೋರಿಸಿದರು. ಒಬ್ಬಳ ಗಂಟಲು, ಇನ್ನೊಬ್ಬಳ ತುಟಿ. ಅಮೀರಬಾಯಿಯ ವೃತ್ತಿಜೀವನ ನಡೆದದ್ದು ಈ ಎರಡು ಪದ್ಧತಿಗಳ ಹೊಸಿಲಿನ ಮೇಲೆ. ಮುಖವೂ ದನಿಯೂ ತಮ್ಮದೇ ಆಗಿದ್ದ ನಟಿಯಾಗಿ ಒಳಗೆ ಬಂದವರು, ಮುಖ ಬಿಟ್ಟು ದನಿಯಷ್ಟೇ ಆದರು, ಕಡೆಗೆ ದನಿ ಬಿಟ್ಟು ಮುಖವಷ್ಟೇ ಆದರು.

1940ರ ‘ನರಸೀ ಭಗತ್’ನಲ್ಲಿ ಎರಡೂ ಇದ್ದವು. ವಿಜಯ್ ಭಟ್ಟರ ಆ ಚಿತ್ರದಲ್ಲಿ, ತುಕಾರಾಮನ ಪಾತ್ರದಿಂದ ಮನೆಮಾತಾಗಿದ್ದ ವಿಷ್ಣುಪಂತ ಪಾಗನೀಸರ ಜೊತೆ ಆಕೆ ನಟಿಸಿದರು, ಹಾಡಿದರು. ನರಸೀ ಮೆಹತಾನ ‘ವೈಷ್ಣವ ಜನತೋ’ ಬೀಳಗಿಯ ಗಂಟಲಿನಲ್ಲಿ ಮೊಳಗಿತು. ಗಾಂಧೀಜಿ ಆಕೆಯ ಆ ಹಾಡನ್ನು ಬಹುವಾಗಿ ಮೆಚ್ಚಿದ್ದರೆಂಬ ಮಾತು ಅಂದಿನಿಂದ ಇಂದಿನವರೆಗೂ ನಡೆದುಬಂದಿದೆ. ಗುಜರಾತಿ ಆಕೆಗೆ ಕಲಿತ ಭಾಷೆ. 1946ರ ‘ರಾಣಕದೇವಿ’ಗಾಗಿ ಹಾಡಿದ ಗೀತೆ ಗುಜರಾತಿನ ಹಳೆಯ ಮನೆಗಳಲ್ಲಿ ಈಗಲೂ ತವರಿನ ಹಾಡಿನಂತೆ ಉಳಿದಿದೆ. ಅಲ್ಲಿ ಯಾರೂ ಆಕೆಯನ್ನು ಹೊರಗಿನವಳೆಂದು ಎಣಿಸುವುದಿಲ್ಲ.

ಆಮೇಲೆ 1943 ಬಂತು. ಮಲಾಡಿನ ಬಾಂಬೆ ಟಾಕೀಸ್, ಜ್ಞಾನ್ ಮುಖರ್ಜಿಯವರ ನಿರ್ದೇಶನ, ಅಶೋಕ್ ಕುಮಾರ್ ಮತ್ತು ಮುಮ್ತಾಜ್ ಶಾಂತಿ, ಕವಿ ಪ್ರದೀಪರ ಮಾತು, ಅನಿಲ್ ಬಿಸ್ವಾಸರ ಸ್ವರ. ‘ಕಿಸ್ಮತ್’. ಕಲಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಅದು ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಹೊರಗೆ ಬಂಗಾಳದ ಬರಗಾಲ, ಯುದ್ಧ, ರಾತ್ರಿಯ ಕತ್ತಲಾಜ್ಞೆ. ಒಳಗೆ ಕತ್ತಲಲ್ಲಿ ಒಂದು ಹೆಣ್ಣುದನಿ ದೀಪಾವಳಿಯ ಮನೆ ಮನೆಯ ದೀಪಗಳ ನಡುವೆ ತನ್ನ ಮನೆಯ ಕತ್ತಲನ್ನು ಹೇಳಿಕೊಳ್ಳುತ್ತಿತ್ತು. ಆ ಚಿತ್ರದ ಹಾಡುಗಳನ್ನು ನಾನು ಎಷ್ಟು ಸಲ ಕೇಳಿದ್ದೇನೋ ಲೆಕ್ಕವಿಲ್ಲ. ಪ್ರತಿ ಸಲವೂ ಬೆರಗಾಗುವುದು ಒಂದೇ ಕಡೆ. ದುಃಖದ ಹಾಡಿನಲ್ಲೂ ಆಕೆ ದನಿಯನ್ನು ಸಣ್ಣದು ಮಾಡುವುದಿಲ್ಲ. ಅಳುವನ್ನು ಮುರಿದ ಸ್ವರದಲ್ಲಿ ತೋರಿಸುವುದಿಲ್ಲ. ನಮ್ಮ ಕಡೆ ಸತ್ತವರ ಮುಂದೆ ಕೂತು ಹಾಡಿ ಅಳುವ ಹೆಂಗಸರು ಹಾಗೆಯೇ ಅಲ್ಲವೇ. ಪೂರ್ತಿ ಉಸಿರಿನಲ್ಲಿ, ಓಣಿಯ ತುದಿಗೆ ಕೇಳುವಂತೆ, ಒಂದು ಅಕ್ಷರವೂ ಜಾರದಂತೆ ಅಳುತ್ತಾರೆ.

ಅದೇ ಚಿತ್ರದ ‘ದೂರ್ ಹಟೋ’ ಹಾಡು ಇನ್ನೊಂದು ಬಗೆಯದು. ಕ್ವಿಟ್ ಇಂಡಿಯಾ ಚಳವಳಿಯ ಬಿಸಿ ಆರದ ದಿನಗಳು. ಹಿಂದುಸ್ತಾನ ನಮ್ಮದು, ಹೊರಗಿನವರು ದೂರ ಸರಿಯಿರಿ ಎಂಬುದು ಹಾಡಿನ ಹುರುಳು. ಪ್ರದೀಪರು ಜಾಣತನದಿಂದ ಜರ್ಮನರ, ಜಪಾನಿಯರ ಹೆಸರು ಸೇರಿಸಿದ್ದರಿಂದ ಸೆನ್ಸಾರು ಬಿಟ್ಟುಕೊಟ್ಟಿತು. ಚಿತ್ರಮಂದಿರದಲ್ಲಿ ಕೂತವರಿಗೆ ಯಾರು ದೂರ ಸರಿಯಬೇಕೆಂಬುದು ಚೆನ್ನಾಗಿಯೇ ತಿಳಿಯಿತು. ರೀಲನ್ನು ಹಿಂದಕ್ಕೆ ಸುತ್ತಿ ಮತ್ತೆ ಹಾಡು ತೋರಿಸಿ ಎಂದು ಜನ ಹಟ ಹಿಡಿಯುತ್ತಿದ್ದರು. ಖಾನ್ ಮಸ್ತಾನಾ ಮತ್ತು ಮೇಳದವರ ಜೊತೆ ಆ ಹಾಡನ್ನು ಎತ್ತಿದ ಹೆಣ್ಣುದನಿ ಅಮೀರಬಾಯಿಯದು. ನಾನು ಅದನ್ನು ಕೇಳಿದಾಗೆಲ್ಲ ಹಲಗಲಿ ನೆನಪಾಗುತ್ತದೆ. ಮುಧೋಳ ಸೀಮೆಯ ಹಲಗಲಿ, 1857ರಲ್ಲಿ ಕೈಯ ಆಯುಧ ಕೊಡೆವು ಎಂದು ಬ್ರಿಟಿಷರಿಗೆ ಎದುರು ನಿಂತ ಬೇಡರ ಊರು. ಊರು ಸುಟ್ಟಿತು, ಹಲವರು ಗಲ್ಲಿಗೇರಿದರು, ಅವರ ಕತೆ ಲಾವಣಿಯಾಗಿ ಬಾಯಿಂದ ಬಾಯಿಗೆ ಹರಿಯಿತು. ಅಮೀರಬಾಯಿ ಆ ಲಾವಣಿಯನ್ನು ಚಿಕ್ಕಂದಿನಲ್ಲಿ ಕೇಳಿದ್ದರೆಂದು ಹೇಳಲು ನನ್ನ ಕೈಯಲ್ಲಿ ಕಾಗದವಿಲ್ಲ. ಬೀಳಗಿಯಲ್ಲಿ ಬೆಳೆದವರು ಅದನ್ನು ಕೇಳದೆ ಇದ್ದಿರಲಾರರು ಎಂದು ಮನಸ್ಸು ಹೇಳುತ್ತದೆ.

‘ಕಿಸ್ಮತ್’ ಆದ ಮೇಲಿನ ನಾಲ್ಕು ವರ್ಷ ಆಕೆಯ ಸುಗ್ಗಿ. 1944ರಲ್ಲಿ ಖೇಮಚಂದ ಪ್ರಕಾಶರ ‘ಭರ್ತೃಹರಿ’, ಅದರಲ್ಲಿ ಸುರೇಂದ್ರರ ಜೊತೆ ಭಿಕ್ಷೆ ಬೇಡುವ ರಾಜನಿಗೂ ರಾಣಿ ಪಿಂಗಳೆಗೂ ನಡೆಯುವ ಸಂವಾದದ ಹಾಡು. ಅದೇ ವರ್ಷ ನೌಷಾದರ ‘ರತನ್’. 1947ರಲ್ಲಿ ಸಿ. ರಾಮಚಂದ್ರರ ‘ಶಹನಾಯಿ’, ಅದೇ ವರ್ಷದ ‘ಸಿಂದೂರ್’. ಬೇರೆಯವರಿಗೆ ಒಂದು ಹಾಡಿಗೆ 500 ರೂಪಾಯಿ ಸಿಗುತ್ತಿದ್ದಾಗ ಅಮೀರಬಾಯಿಗೆ 1000 ಕೊಡುತ್ತಿದ್ದರೆಂದು ‘ಫಿಲ್ಮ್ ಇಂಡಿಯಾ’ ಪತ್ರಿಕೆ ಬರೆದಿತ್ತು. ಕನ್ನಡ ಕೋಗಿಲೆ ಎಂಬ ಬಿರುದೂ ಬಂತು. ಕೋಗಿಲೆ ಎಂಬ ಮಾತು ಹಾಡುವವರಿಗೆಲ್ಲ ಸಲ್ಲುತ್ತದೆ, ಆದರೆ ಆಕೆಗೆ ಅದು ಅಷ್ಟು ಒಪ್ಪುವುದಿಲ್ಲ ಎಂದೇ ನನಗನಿಸುತ್ತದೆ. ಕೋಗಿಲೆ ಎಲೆಯ ಮರೆಯಿಂದ ಹಾಡುವ ಹಕ್ಕಿ. ಇವರದು ಬಯಲಿನ ದನಿ.

ಹಣ, ಹೆಸರು ಬಂದ ಮನೆಯೊಳಗೆ ಬೇರೆಯದೇ ನಡೆದಿತ್ತು. ಗಂಡ ಹಿಮಾಲಯವಾಲಾ ಖಳನ ಪಾತ್ರಗಳಿಂದ ಹೆಸರಾದ ನಟ. ಮನೆಯಲ್ಲಿ ಆಕೆಯ ಮೇಲೆ ಕೈಮಾಡುತ್ತಿದ್ದ. ಊರಿಗೆ ಊರೇ ಆಕೆಯ ಹಾಡನ್ನು ಗುನುಗುತ್ತಿದ್ದಾಗ ಆ ಗಂಟಲು ಮನೆಯಲ್ಲಿ ಪೆಟ್ಟಿಗೆ ಅಂಜಿ ಸುಮ್ಮನಿತ್ತು ಎಂದು ನೆನೆದರೆ ಎದೆ ಹಿಂಡಿದಂತಾಗುತ್ತದೆ. ಆಕೆ ಸುಮ್ಮನೆ ಉಳಿಯಲಿಲ್ಲ. ವಕೀಲರ ನೆರವು ಪಡೆದು ಬಿಡುಗಡೆ ಪಡೆದರು. 1940ರ ದಶಕದ ಹೆಣ್ಣುಮಗಳೊಬ್ಬಳು ಹಾಗೆ ಮಾಡಿದ್ದು ಆಕೆಯ ಯಾವ ಹಾಡಿಗಿಂತಲೂ ಚಿಕ್ಕದಲ್ಲ. ದೇಶ ಎರಡಾದಾಗ ಆತ ಪಾಕಿಸ್ತಾನಕ್ಕೆ ಹೋದ, ಆಕೆ ಮುಂಬಯಿಯಲ್ಲೇ ಉಳಿದರು. ಮುಂದೆ ಪತ್ರಕರ್ತ ಬದ್ರಿ ಕಾಂಚವಾಲಾ ಬಾಳಸಂಗಾತಿಯಾದರು.

ಅಕ್ಕನ ಬಾಳೂ ಕಷ್ಟದ್ದೇ. ಗೋಹರಬಾಯಿ ಮರಾಠಿ ರಂಗಭೂಮಿಯ ಬಾಲಗಂಧರ್ವರ ಹಾಡುಗಳನ್ನು ಕೇಳಿ ಕೇಳಿ ಅವರ ಗಾಯಕಿಯನ್ನೇ ಮೈಗೂಡಿಸಿಕೊಂಡವರು. 1930ರ ದಶಕದ ಕೊನೆಯ ಹೊತ್ತಿಗೆ ಅವರ ಮಂಡಳಿ ಸೇರಿದರು, ಬಾಳನ್ನೂ ಸೇರಿದರು. ಹೆಣ್ಣುಪಾತ್ರಗಳಿಂದ ಇಡೀ ಮಹಾರಾಷ್ಟ್ರವನ್ನು ಮರುಳು ಮಾಡಿದ ಗಂಡಸಿನೆದುರು, ಆತನ ದನಿಯನ್ನೇ ಕಲಿತ ನಿಜವಾದ ಹೆಣ್ಣು ನಾಯಿಕೆಯಾಗಿ ನಿಂತ ಚಿತ್ರವೇ ವಿಸ್ಮಯದ್ದು. ಗಂಧರ್ವರ ಕಂಪನಿ ಕುಸಿದದ್ದಕ್ಕೆ ಮರಾಠಿಯ ಎಷ್ಟೋ ಲೇಖನಿಗಳು ಗೋಹರಬಾಯಿಯನ್ನೇ ಹೊಣೆ ಮಾಡಿದವು. ಕನ್ನಡದವಳು, ಮುಸಲ್ಮಾನಳು, ಹಾಡುವವಳು, ಮೂರಕ್ಕೂ ಸೇರಿಸಿ ಶಿಕ್ಷೆ. ಕಾಲಿನ ಶಕ್ತಿ ಕಳೆದುಕೊಂಡ ಗಂಧರ್ವರನ್ನು 1964ರಲ್ಲಿ ತಾನು ತೀರಿಕೊಳ್ಳುವ ತನಕ ನೋಡಿಕೊಂಡವರು ಆಕೆಯೇ ಎಂಬುದು ಆ ಬರಹಗಳಲ್ಲಿ ಮೂಲೆಗೆ ಸರಿಯಿತು. ಕನ್ನಡದಲ್ಲಿ ರಹಮತ್ ತರೀಕೆರೆಯವರು ಅಮೀರಬಾಯಿಯ ಮೇಲೆ ಪುಸ್ತಕ ಬರೆದು ಈ ಅಕ್ಕತಂಗಿಯರನ್ನು ತವರಿಗೆ ಕರೆತಂದರು. ಆ ಉಪಕಾರ ದೊಡ್ಡದು.

ಸ್ವಾತಂತ್ರ್ಯ ಬಂದ ಹೊತ್ತಿಗೆ ಮುಂಬಯಿಯ ಮೈಕುಗಳು ಬದಲಾಗುತ್ತಿದ್ದವು, ಕಿವಿಗಳೂ ಬದಲಾಗುತ್ತಿದ್ದವು. ಮೈಕು ಸೂಕ್ಷ್ಮವಾದಷ್ಟೂ ಅದಕ್ಕೆ ಬಯಲು ತುಂಬುವ ಗಂಟಲು ಬೇಡವಾಯಿತು. ಪಿಸುಮಾತಿನಷ್ಟು ಮೆಲ್ಲಗೆ ಹಾಡಿದರೂ ದೇಶಕ್ಕೆ ಮುಟ್ಟುವ ಕಾಲ ಬಂತು. 1949ರ ‘ಮಹಲ್’ನಲ್ಲಿ, ಅಮೀರಬಾಯಿಗೆ ‘ಭರ್ತೃಹರಿ’ಯ ಹಾಡು ಕೊಟ್ಟಿದ್ದ ಅದೇ ಖೇಮಚಂದ ಪ್ರಕಾಶರು ಇಪ್ಪತ್ತು ವರ್ಷದ ಲತಾ ಮಂಗೇಶಕರ್‌ಗೆ ಒಂದು ಹಾಡು ಕೊಟ್ಟರು. ತಟ್ಟೆಯ ಮೇಲೆ ಗಾಯಕಿಯ ಹೆಸರೂ ಇರಲಿಲ್ಲ, ಪಾತ್ರದ ಹೆಸರು ಕಾಮಿನಿ ಎಂದಷ್ಟೇ ಇತ್ತು. ಹೆಸರಿಲ್ಲದ ಆ ತಟ್ಟೆ ಒಂದು ಯುಗವನ್ನು ಮುಗಿಸಿತು. ಅಮೀರಬಾಯಿ, ಜೊಹರಾಬಾಯಿ, ರಾಜಕುಮಾರಿ, ಒಬ್ಬೊಬ್ಬರೇ ಮೈಕಿನಿಂದ ದೂರ ಸರಿಯಬೇಕಾಯಿತು. ಯಾರೂ ಕೆಟ್ಟದಾಗಿ ಹಾಡಲು ಸುರು ಮಾಡಿರಲಿಲ್ಲ. ಲತಾರ ದನಿಯನ್ನು ನಾನೂ ಪೂಜಿಸುತ್ತೇನೆ. ಆದರೂ ಒಂದೇ ಬಗೆಯ ದನಿ ಹೆಣ್ಣಿನ ದನಿ ಎಂದು ಒಂದು ದೇಶ ನಾಲ್ಕು ದಶಕ ನಂಬಿದ್ದರಿಂದ ಕಳೆದುಹೋದದ್ದು ಕಡಿಮೆಯಲ್ಲ.

ಆ ತಿರುವಿನ ನಡುವೆಯೇ ಆಕೆ ಇನ್ನೊಂದು ಕೆಲಸ ಮಾಡಿದರು. 1948ರ ‘ಶಹನಾಜ್’ ಚಿತ್ರಕ್ಕೆ ಸಂಗೀತ ಕೊಟ್ಟರು. ಜದ್ದನ್‌ಬಾಯಿ, ಸರಸ್ವತಿದೇವಿಯಂಥ ಒಬ್ಬಿಬ್ಬರನ್ನು ಬಿಟ್ಟರೆ ಹೆಂಗಸರು ಆ ಕುರ್ಚಿಯಲ್ಲಿ ಕೂತದ್ದೇ ಇರಲಿಲ್ಲ. ಬೀಳಗಿಯ ಹುಡುಗಿ ವಾದ್ಯವೃಂದದೆದುರು ನಿಂತು, ಯಾವ ಸ್ವರ ಎಲ್ಲಿ ಬೀಳಬೇಕೆಂದು ಗಂಡಸರಿಗೆ ಹೇಳುವ ಚಿತ್ರವನ್ನು ಕಣ್ಣು ಮುಚ್ಚಿ ಬಿಡಿಸಿಕೊಳ್ಳಲು ನನಗೆ ಇಷ್ಟ.

‘ಗೋರೆ ಗೋರೆ’ ಬಂದದ್ದು ಅದಾಗಿ ಎರಡು ವರ್ಷಕ್ಕೆ. ಕಡಲಾಚೆಯ ಲ್ಯಾಟಿನ್ ಕುಣಿತದ ಮಟ್ಟೊಂದನ್ನು ಸಿ. ರಾಮಚಂದ್ರ ತಮ್ಮದು ಮಾಡಿಕೊಂಡರು. ತೆರೆಯ ಮೇಲೆ ನಳಿನಿ ಜಯವಂತ್ ಮತ್ತು ಕುಲದೀಪ್ ಕೌರ್. ತೆರೆಯ ಹಿಂದೆ ಲತಾ ಮತ್ತು ಅಮೀರಬಾಯಿ. ಏರುವ ದನಿಯೂ ಇಳಿಯುವ ದನಿಯೂ ಒಂದೇ ಹಾಡಿನಲ್ಲಿ ಮಾತಾಡಿಕೊಂಡ ಗಳಿಗೆ ಅದು. ಕೇಳಿ ನೋಡಿ, ಅಮೀರಬಾಯಿಯ ಸಾಲುಗಳಲ್ಲಿ ಹೊಟ್ಟೆಕಿಚ್ಚಿನ ಒಂದು ಎಳೆ ಸಿಗುವುದಿಲ್ಲ. ಕೆಣಕು ಇದೆ, ನಗು ಇದೆ, ಜಾತ್ರೆಯಲ್ಲಿ ತಂಗಿಯ ಕೈ ಹಿಡಿದು ತೊಟ್ಟಿಲು ಹತ್ತಿಸುವ ಅಕ್ಕನ ಸಲಿಗೆ ಇದೆ. ದೇಶವೆಲ್ಲ ಆ ಹಾಡಿಗೆ ಕುಣಿಯಿತು, ಇಂದಿಗೂ ಮದುವೆಮನೆಗಳಲ್ಲಿ ಕುಣಿಯುತ್ತದೆ. ಇಬ್ಬರಲ್ಲಿ ಒಬ್ಬರ ಹೆಸರು ಮಾತ್ರ ಉಳಿಯಿತು.

ಆಮೇಲೆ ಹಾಡು ಕಡಿಮೆಯಾಗಿ ಮತ್ತೆ ನಟನೆ ಬಂತು. ಅಮ್ಮ, ಅತ್ತೆ, ಓಣಿಯ ಹೆಂಗಸು, ಸಣ್ಣಪುಟ್ಟ ಪಾತ್ರಗಳು. ಯಾವ ನಟಿಯ ತುಟಿಗೆ ಒಂದು ಕಾಲದಲ್ಲಿ ತನ್ನ ದನಿ ಕೊಟ್ಟಿದ್ದರೋ ಅಂಥವರ ತಾಯಿಯಾಗಿ ತೆರೆಯ ಅಂಚಿನಲ್ಲಿ ನಿಲ್ಲುವುದು. ಅದನ್ನು ಸೋಲು ಎಂದು ಬರೆಯುವವರನ್ನು ಓದಿದ್ದೇನೆ. ನನಗೆ ಹಾಗೆ ಕಾಣುವುದಿಲ್ಲ. ಕಂಪನಿ ನಾಟಕದಲ್ಲಿ ನಾಯಕಿಯಾಗಿದ್ದವಳು ವಯಸ್ಸಾದ ಮೇಲೆ ಅಜ್ಜಿಯ ಪಾತ್ರ ಮಾಡಿ, ಪಾತ್ರವಿಲ್ಲದ ರಾತ್ರಿ ಹುಡುಗಿಯರಿಗೆ ಬಣ್ಣ ಹಚ್ಚಿಕೊಡುತ್ತಾಳೆ. ಅದು ಕಸುಬಿನವರ ನಡತೆ. 1934ರಲ್ಲಿ ಸ್ಟುಡಿಯೋಕ್ಕೆ ಕಾಲಿಟ್ಟ ಅಮೀರಬಾಯಿ ಮೂರು ದಶಕ ಅದರ ಹೊಸಿಲು ಬಿಟ್ಟು ಹೋಗಲಿಲ್ಲ.

1965ರಲ್ಲಿ ಪಾರ್ಶ್ವವಾಯು ಬಡಿಯಿತು. ನಾಲ್ಕು ದಿನ ಮಲಗಿದ್ದರು, ಅಷ್ಟೇ. ಮಣ್ಣಾದದ್ದು ಮುಂಬಯಿಯಲ್ಲಿ ಅಲ್ಲ, ವಿಜಾಪುರದಲ್ಲಿ. ಹೋದ ದಾರಿಯಲ್ಲೇ ಮರಳಿದರು. ಸಂಗೀತಕ್ಕೆಂದೇ ನವರಸಪುರ ಕಟ್ಟಿಸಲು ಹೊರಟ ಇಬ್ರಾಹಿಂ ಆದಿಲ್‌ಶಾಹನ ಊರು ಅದು. ಅಲ್ಲಿ ಆಕೆಯ ಮನೆತನದವರ ‘ಅಮೀರ್ ಟಾಕೀಸ್’ ಬಾಗಿಲು ತೆರೆದು ತಲೆಮಾರುಗಳಿಗೆ ಸಿನಿಮಾ ತೋರಿಸಿತು. ಆ ಹೆಸರಿನ ಅಮೀರ್ ಯಾರೋ ಶ್ರೀಮಂತ ಸಾಹುಕಾರ ಎಂದೇ ನಾನು ಚಿಕ್ಕಂದಿನಲ್ಲಿ ಎಣಿಸಿದ್ದೆ. ಗೋಳಗುಮ್ಮಟದ ಮೊಗಸಾಲೆಯಲ್ಲಿ ನಿಂತು ನನ್ನ ಹೆಸರನ್ನೇ ಕೂಗಿ, ಮತ್ತೆ ಮತ್ತೆ ಮರಳಿ ಬಂದದ್ದನ್ನು ಕೇಳಿ ಕುಣಿದಿದ್ದೆ. ಅದೇ ಊರಿನಲ್ಲಿ ಎಂಥ ದನಿಯ ಹೆಸರಿದೆಯೆಂದು ಯಾರೂ ಹೇಳಿರಲಿಲ್ಲ.

ಇನ್ನೊಂದು ರಾತ್ರಿಯ ಮಾತು. ನಮ್ಮ ಕಡೆಯ ಒಂದು ಜಾತ್ರೆ, ಪಾರಿಜಾತದ ಆಟ. ಕಬ್ಬು ಕಡಿದು ಖಾಲಿಯಾದ ಹೊಲದಲ್ಲಿ ಅಟ್ಟ ಹಾಕಿದ್ದರು. ಹಾರ್ಮೋನಿಯಂ, ತಬಲಾ, ತಾಳ, ನಾಲ್ಕು ಮೈಕು, ಕಂಬಕ್ಕೆ ಕಟ್ಟಿದ ಬಿಳಿ ದೀಪ. ನಡುರಾತ್ರಿ ದಾಟಿತ್ತು. ಭಾಗವತ ಒಂದಿಷ್ಟು ಚೇಷ್ಟೆ ಮಾಡಿ ನಗಿಸಿ ಮುಗಿಸಿದ, ಭಾಮೆ ಮುನಿದು ಮುಖ ತಿರುವಿ ಕೂತಿದ್ದಳು. ಪಾತ್ರದ ಹೆಣ್ಣುಮಗಳಿಗೆ ಐವತ್ತು ದಾಟಿರಬೇಕು. ಪದ ಎತ್ತಿ ಎರಡು ಸಾಲು ಆಗಿತ್ತು, ಅಷ್ಟರಲ್ಲಿ ಕರೆಂಟು ಹೋಯಿತು. ದೀಪ ಆರಿತು, ಮೈಕು ಸತ್ತಿತು, ಜನರೇಟರು ಕೆಮ್ಮಿ ಸುಮ್ಮನಾಯಿತು. ಕತ್ತಲಲ್ಲಿ ಹುಡುಗರು ಸಿಳ್ಳೆ ಹಾಕಿದರು. ಆಕೆ ನಿಲ್ಲಿಸಲಿಲ್ಲ. ಒಂದು ಉಸಿರು ಎಳೆದುಕೊಂಡದ್ದು ಕೇಳಿಸಿತು. ಮುಂದಿನ ಸಾಲು ಕೆಳಗಿನ ಸ್ವರದಿಂದ, ಎದೆಯೊಳಗಿಂದ, ಅಗಲವಾಗಿ ಎದ್ದು ಬಂತು. ಸಿಳ್ಳೆ ನಿಂತವು. ತಬಲಾದವನು ತಡವರಿಸಿ ಮತ್ತೆ ಠೇಕಾ ಹಿಡಿದ. ನಾನು ಹಿಂದೆ, ರಸ್ತೆಯ ದಂಡೆಯಲ್ಲಿ, ನಿಂತ ಟ್ರ್ಯಾಕ್ಟರುಗಳ ಹತ್ತಿರ ಇದ್ದೆ. ಒಂದೊಂದು ಅಕ್ಷರವೂ ಅಲ್ಲಿಗೆ ಬಿಡಿಬಿಡಿಯಾಗಿ ಬರುತ್ತಿತ್ತು. ಪಕ್ಕದ ಗಾಡಿಯಲ್ಲಿ ಹಾಡು ಹಚ್ಚಿಕೊಂಡು ಕೂತಿದ್ದ ಡ್ರೈವರ ಹುಡುಗ ಕೈ ಚಾಚಿ ಅದನ್ನು ಬಂದ್ ಮಾಡಿದ. ಆಮೇಲೆ ಇಂಜಿನ್ನನ್ನೂ ಬಂದ್ ಮಾಡಿ ಕೆಳಗಿಳಿದು ಬಂದ.